ಎಕ್ಸ್‌-ರೇಯಲ್ಲಿ ಮುರಿತ ಕಾಣದಿದ್ದರೂ ಮಗುವಿನ ಕಾಲನ್ನು ಕಟ್ಟಿಡುವುದೇಕೆ?

ಪ್ರಶ್ನೆ: ನನ್ನ ಮಗಳಿಗೆ ಹನ್ನೊಂದು ವರ್ಷ. ಶಾಲೆಯಲ್ಲಿ ಖೊ-ಖೊ ಆಡುವಾಗ ಬಲಪಾದ ಹೊರಳಿ, ಹೊರಗಿನ ಗಿಣ್ಣಿನ ಬಳಿ ಊದಿಕೊಂಡಿತು. ಎಕ್ಸ್‌-ರೇಯಲ್ಲಿ ಮುರಿತ ಕಾಣುತ್ತಿಲ್ಲ ಎಂದ ವೈದ್ಯರು, ಮೂಳೆ ಬೆಳೆಯುವ ಜಾಗಕ್ಕೆ ಪೆಟ್ಟು ಬಿದ್ದಿರಬಹುದು, ಮೂರು ವಾರ ಕಾಲು ಅಲುಗದಂತೆ ಇರಲಿ ಎಂದೂ ಹೇಳಿದ್ದಾರೆ. ಇದು ಉಳುಕೋ, ಮುರಿತವೋ? ಮುಂದೆ ಈ ಕಾಲು ಗಿಡ್ಡವಾಗುವ ಭಯವಿದೆಯೇ?

ಉತ್ತರ: ಎರಡನೆಯ ಪ್ರಶ್ನೆಗೆ ಮೊದಲು ಉತ್ತರಿಸುತ್ತೇನೆ, ಏಕೆಂದರೆ ನಿಮ್ಮ ಚಿಂತೆಯೆಲ್ಲ ಅಲ್ಲಿದೆ. ಹೊರಗಿನ ಗಿಣ್ಣಿಗೆ ಬಿದ್ದ, ಎಕ್ಸ್‌-ರೇಯಲ್ಲಿ ಮೂಳೆ ಜರುಗಿದ್ದು ಕಾಣದ ಪೆಟ್ಟಿನಿಂದ ಕಾಲು ಗಿಡ್ಡವಾಗುವ ಸಂಭವ ತೀರ ಕಡಿಮೆ. ಇದು ಉಳುಕೇ ಆಗಿರುವ ಸಾಧ್ಯತೆ ಹೆಚ್ಚು. ಆದರೆ ವೈದ್ಯರು ಎಚ್ಚರಿಕೆಯ ಮಾತು ಆಡಿದ್ದರ ಹಿಂದೆ ಮಕ್ಕಳ ಮೂಳೆಯ ರಚನೆಗೆ ಸಂಬಂಧಿಸಿದ ಕಾರಣವೊಂದಿದೆ.

ಮೊಳಕಾಲಿನಿಂದ ಕೆಳಗಿಳಿಯುವ ಎರಡು ಮೂಳೆಗಳಲ್ಲಿ ದಪ್ಪನೆಯದು ಟಿಬಿಯಾ; ಅದರ ಕೆಳತುದಿಯೇ ಒಳಗಿನ ಗಿಣ್ಣು. ಹೊರಬದಿಯ ತೆಳುವಾದ ಮೂಳೆ ಫಿಬುಲಾ. ಅದರ ತುದಿ ಹೊರಗಿನ ಗಿಣ್ಣು. ಬೆಳೆಯುವ ವಯಸ್ಸಿನಲ್ಲಿ ಈ ಎರಡೂ ಮೂಳೆಗಳ ತುದಿಗಿಂತ ತುಸು ಮೇಲೆ ಮೃದ್ವಸ್ಥಿಯ ತೆಳ್ಳನೆಯ ಪದರವಿರುತ್ತದೆ. ಗ್ರೋತ್ ಪ್ಲೇಟ್ ಎಂದು ವೈದ್ಯರು ಕರೆಯುವ ಈ ಪದರದಲ್ಲಿ ಹೊಸ ಮೂಳೆ ಹುಟ್ಟುತ್ತಾ ಹೋಗುವುದರಿಂದಲೇ ಕಾಲು ಉದ್ದವಾಗುತ್ತದೆ. ಟಿಬಿಯಾದ ಕೆಳತುದಿಯಿಂದ ವರ್ಷಕ್ಕೆ 3ರಿಂದ 4 ಮಿಲಿಮೀಟರ್‌ನಷ್ಟು ಬೆಳವಣಿಗೆ ಆಗುತ್ತದೆ. ಹುಡುಗಿಯರಲ್ಲಿ ಸುಮಾರು 14ನೆಯ, ಹುಡುಗರಲ್ಲಿ ಸುಮಾರು 16ನೆಯ ವಯಸ್ಸಿನ ಹೊತ್ತಿಗೆ ಪದರ ಗಟ್ಟಿಯಾಗಿ ಮುಚ್ಚಿಕೊಳ್ಳುತ್ತದೆ. ಮುಚ್ಚುವವರೆಗೂ ಅದು ಸುತ್ತಲಿನ ಲಿಗಮೆಂಟುಗಳಿಗಿಂತ, ಅಂದರೆ ಮೂಳೆಗಳನ್ನು ಒಂದಕ್ಕೊಂದು ಬಿಗಿದಿಡುವ ಪಟ್ಟಿಗಳಿಗಿಂತ, ದುರ್ಬಲ. ಹಾಗಾಗಿ ದೊಡ್ಡವರಲ್ಲಿ ಲಿಗಮೆಂಟನ್ನು ಹರಿಯುವಂಥ ತಿರುಚು ಮಕ್ಕಳಲ್ಲಿ ಈ ಪದರವನ್ನೇ ಸೀಳಬಹುದು. ಮೃದ್ವಸ್ಥಿ ಎಕ್ಸ್‌-ರೇಯಲ್ಲಿ ಖಾಲಿ ಗೆರೆಯಂತೆ ಕಾಣುವುದರಿಂದ, ಮೂಳೆ ಜರುಗದೆ ಪದರ ಮಾತ್ರ ಸೀಳಿದ್ದರೆ ಚಿತ್ರದಲ್ಲಿ ಅದು ತಿಳಿಯುವುದೇ ಇಲ್ಲ.

ಈ ಪದರದ ಮುರಿತಗಳನ್ನು ಟೊರಾಂಟೊದ ಶಸ್ತ್ರವೈದ್ಯರಾದ ಸಾಲ್ಟರ್ ಮತ್ತು ಹ್ಯಾರಿಸ್ 1963ರಲ್ಲಿ ಐದು ಬಗೆಯಾಗಿ ವಿಂಗಡಿಸಿದರು. ಇಂದಿಗೂ ವೈದ್ಯರ ಚೀಟಿಯಲ್ಲಿ ಅದೇ ಹೆಸರು ಕಾಣುತ್ತದೆ. ಮೊದಲನೆಯದರಲ್ಲಿ ಸೀಳು ಪದರದಲ್ಲಷ್ಟೇ ಇರುತ್ತದೆ. ಎರಡನೆಯದರಲ್ಲಿ ಮೇಲಿನ ಮೂಳೆಯ ಒಂದು ಚೂರೂ ಸೇರಿಕೊಳ್ಳುತ್ತದೆ, ಎಲ್ಲಕ್ಕಿಂತ ಹೆಚ್ಚಾಗಿ ಕಾಣುವುದು ಇದೇ. ಮೂರನೆಯದರಲ್ಲಿ ಸೀಳು ಪದರದಿಂದ ಕೆಳಗಿಳಿದು ಕೀಲಿನೊಳಕ್ಕೆ ಹೋಗುತ್ತದೆ. ನಾಲ್ಕನೆಯದು ಮೇಲಿನ ಮೂಳೆ, ಪದರ, ಕೀಲಿನ ಮೇಲ್ಮೈ ಮೂರನ್ನೂ ದಾಟುತ್ತದೆ. ಪದರ ಜಜ್ಜಿಹೋಗುವ ಐದನೆಯದು ಅಪರೂಪ. ಕೀಲು ಒಳಗೊಂಡಿದೆಯೇ ಇಲ್ಲವೇ ಎಂಬುದೇ ಚಿಕಿತ್ಸೆಯನ್ನು ನಿರ್ಧರಿಸುವ ದೊಡ್ಡ ಸಂಗತಿ.

ಪರೀಕ್ಷೆಯಲ್ಲಿ ವೈದ್ಯರ ಬೆರಳಿಗೆ ಎಕ್ಸ್‌-ರೇಯಷ್ಟೇ ಬೆಲೆಯಿದೆ. ಯಾರಿಗೆ ಎಕ್ಸ್‌-ರೇ ಬೇಕು ಎಂದು ತೀರ್ಮಾನಿಸಲು 1992ರಲ್ಲಿ ಕೆನಡಾದ ಒಟ್ಟಾವಾದಲ್ಲಿ ರೂಪುಗೊಂಡ ನಿಯಮಗಳ ಪ್ರಕಾರ, ಯಾವುದೇ ಗಿಣ್ಣಿನ ತುದಿಯನ್ನಾಗಲಿ ಕೆಳಗಿನ 6 ಸೆಂಟಿಮೀಟರ್‌ನೊಳಗೆ ಅದರ ಹಿಂಬದಿಯ ಅಂಚನ್ನಾಗಲಿ ಒತ್ತಿದಾಗ ನೋವಾದರೆ, ಅಥವಾ ಪೆಟ್ಟಾದ ಕೂಡಲೇ ಮತ್ತು ಆಸ್ಪತ್ರೆಯಲ್ಲಿ ಎರಡೂ ಬಾರಿ ಕುಂಟಿಕೊಂಡಾದರೂ ನಾಲ್ಕು ಹೆಜ್ಜೆ ಇಡಲು ಆಗದಿದ್ದರೆ, ಕಣಕಾಲಿನ ಚಿತ್ರ ತೆಗೆಯಬೇಕು. ಐದು ವರ್ಷ ದಾಟಿದ ಮಕ್ಕಳಲ್ಲಿ ಇದು ಚೆನ್ನಾಗಿ ಕೆಲಸ ಮಾಡುತ್ತದೆ. ಅದಕ್ಕಿಂತ ಚಿಕ್ಕ ಮಕ್ಕಳು ನೋವಿನ ಜಾಗವನ್ನು ಸರಿಯಾಗಿ ತೋರಿಸಲಾರರು. ಹೊರಗಿನ ಗಿಣ್ಣಿನ ಮುಂದೆ, ಕೆಳಗಿನ ಮೆತ್ತನೆಯ ಜಾಗದಲ್ಲಿ ಒತ್ತಿದಾಗ ನೋವು ಹೆಚ್ಚಿದ್ದರೆ ಲಿಗಮೆಂಟಿನ ಕಡೆಗೆ ಅನುಮಾನ ಹೋಗುತ್ತದೆ. ತುದಿಯಿಂದ ಒಂದೆರಡು ಬೆರಳಗಲ ಮೇಲೆ, ಮೂಳೆಯ ಮೇಲೆಯೇ ನೋವಿದ್ದರೆ ಗ್ರೋತ್ ಪ್ಲೇಟಿನ ಅನುಮಾನ. ಎಕ್ಸ್‌-ರೇ ತೆಗೆಯುವಾಗ ಎದುರಿನಿಂದ, ಪಕ್ಕದಿಂದ, ಮತ್ತು ಪಾದವನ್ನು ಸುಮಾರು 15ರಿಂದ 20 ಡಿಗ್ರಿ ಒಳಕ್ಕೆ ತಿರುಗಿಸಿ, ಹೀಗೆ ಮೂರು ನೋಟ ಇರಬೇಕು. ನಿಮ್ಮ ಕೈಯಲ್ಲಿ ಒಂದೇ ನೋಟದ ಫಿಲ್ಮ್ ಇದ್ದರೆ ಉಳಿದವನ್ನು ಕೇಳುವುದರಲ್ಲಿ ತಪ್ಪಿಲ್ಲ.

ಎಕ್ಸ್‌-ರೇ ಶುದ್ಧವಾಗಿದ್ದು ಹೊರಗಿನ ಗಿಣ್ಣಿನ ಪದರದ ಮೇಲೆ ನೋವಿದ್ದರೆ ಅದನ್ನು ಮೊದಲನೆಯ ಬಗೆಯ ಮುರಿತ ಎಂದೇ ಎಣಿಸಿ ಪ್ಲಾಸ್ಟರ್ ಹಾಕುವುದು ಬಹುಕಾಲದ ರೂಢಿಯಾಗಿತ್ತು. ಕೆನಡಾದಲ್ಲಿ ಇಂಥ 135 ಮಕ್ಕಳಿಗೆ ಎಂಆರ್‌ಐ ಮಾಡಿ 2016ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಪದರದ ಮುರಿತ ಕಂಡದ್ದು ನಾಲ್ವರಲ್ಲಿ ಮಾತ್ರ. ಬಹುಪಾಲು ಮಕ್ಕಳಿಗೆ ಆಗಿದ್ದದ್ದು ಲಿಗಮೆಂಟಿನ ಪೆಟ್ಟು, ಅಂದರೆ ಉಳುಕು. ಬಿಚ್ಚಿ ಹಾಕಿಕೊಳ್ಳಬಹುದಾದ ಬ್ರೇಸ್ (ಗಿಣ್ಣಿಗೆ ಆಸರೆ ಕೊಡುವ ಪಟ್ಟಿ) ತೊಟ್ಟೇ ಆ ಮಕ್ಕಳು ಚೇತರಿಸಿಕೊಂಡರು. ನಿಮ್ಮ ಮಗಳಂಥ ಸಂದರ್ಭದಲ್ಲಿ ಪೂರ್ಣ ಪ್ಲಾಸ್ಟರ್ ಅನಿವಾರ್ಯವಲ್ಲ, ಬ್ರೇಸ್ ಸಾಕೇ ಎಂದು ವೈದ್ಯರನ್ನು ಕೇಳಬಹುದು ಎಂಬುದು ನನ್ನ ಅಭಿಪ್ರಾಯ. ಮಾತು ಕೇಳದ ತುಂಟ ಮಗುವಾದರೆ, ಅಥವಾ ಕಾಲೂರಲಾರದಷ್ಟು ನೋವಿದ್ದರೆ, ಪ್ಲಾಸ್ಟರ್ ಹಾಕಿದ ವೈದ್ಯರನ್ನು ದೂರುವಂತಿಲ್ಲ.

ಒಳಗಿನ ಗಿಣ್ಣಿನ, ಅಂದರೆ ಟಿಬಿಯಾದ ಮುರಿತಕ್ಕೆ ಇಷ್ಟು ಸಡಿಲಿಕೆ ಇಲ್ಲ. ದೇಹದ ಭಾರ ಹೊರುವ ಮೂಳೆ ಅದೇ. ಜರುಗದ ಮುರಿತಕ್ಕೆ ಸಾಮಾನ್ಯವಾಗಿ ನಾಲ್ಕರಿಂದ ಆರು ವಾರ ಪ್ಲಾಸ್ಟರ್ ಹಾಕುತ್ತಾರೆ, ಜರುಗಿತೇ ಎಂದು ಮೊದಲ ವಾರದಲ್ಲೇ ಮತ್ತೊಮ್ಮೆ ಎಕ್ಸ್‌-ರೇ ತೆಗೆಯುತ್ತಾರೆ. ಎರಡನೆಯ ಬಗೆಯದು ಜರುಗಿದ್ದರೆ ಅರಿವಳಿಕೆ ಕೊಟ್ಟು, ಮೆಲ್ಲಗೆ ಎಳೆದು ಸರಿಯಾದ ಜಾಗಕ್ಕೆ ಕೂರಿಸುತ್ತಾರೆ. ಮತ್ತೆ ಮತ್ತೆ ಎಳೆದಾಡಿದರೆ, ಅಥವಾ ಏಳೆಂಟು ದಿನ ಕಳೆದ ಮೇಲೆ ಎಳೆಯಲು ಹೋದರೆ, ಪದರಕ್ಕೆ ಹೊಸ ಪೆಟ್ಟು ಬೀಳುತ್ತದೆ. ಒಮ್ಮೆ ಎಳೆದಾಗ ಕೂರದಿದ್ದರೆ ಮೂಳೆಯ ಹೊದಿಕೆ ಮಧ್ಯೆ ಸಿಕ್ಕಿಕೊಂಡಿರಬಹುದು. ಆಗ ತೆರೆದು ಬಿಡಿಸುವುದೇ ಲೇಸು. ಮೂರು, ನಾಲ್ಕನೆಯ ಬಗೆಗಳಲ್ಲಿ ಕೀಲಿನ ಮೇಲ್ಮೈ ಸುಮಾರು 2 ಮಿಲಿಮೀಟರ್‌ಗಿಂತ ಹೆಚ್ಚು ಬಿರಿದಿದ್ದರೆ ಶಸ್ತ್ರಚಿಕಿತ್ಸೆ ಮಾಡಿ ಸ್ಕ್ರೂ ಹಾಕುತ್ತಾರೆ. ಬೆಳವಣಿಗೆ ಇನ್ನೂ ಬಾಕಿಯಿರುವ ಮಗುವಿನಲ್ಲಿ ಆ ಸ್ಕ್ರೂ ಪದರವನ್ನು ದಾಟದಂತೆ, ಅದಕ್ಕೆ ಸಮಾನಾಂತರವಾಗಿ ಇರುವಂತೆ ನೋಡಿಕೊಳ್ಳುತ್ತಾರೆ.

ಹನ್ನೆರಡರಿಂದ ಹದಿನೈದರ ನಡುವಿನ ಮಕ್ಕಳಿಗೆ ಹೆಚ್ಚಾಗಿ ಬರುವ ಎರಡು ಮುರಿತಗಳಿವೆ. ಟಿಬಿಯಾದ ಪದರ ಒಮ್ಮೆಲೇ ಮುಚ್ಚುವುದಿಲ್ಲ. ಮೊದಲು ನಡುಭಾಗ, ಆಮೇಲೆ ಒಳಬದಿ, ಕಡೆಯಲ್ಲಿ ಹೊರಬದಿ, ಹೀಗೆ ಸುಮಾರು ಒಂದೂವರೆ ವರ್ಷ ಹಿಡಿಯುತ್ತದೆ. ಆ ಅವಧಿಯಲ್ಲಿ ಪಾದ ಹೊರಕ್ಕೆ ತಿರುಚಿದರೆ, ಇನ್ನೂ ಮುಚ್ಚದ ಹೊರಬದಿಯ ಮುಂಭಾಗದ ತುಂಡನ್ನು ಲಿಗಮೆಂಟ್ ಕಿತ್ತು ಎಳೆಯುತ್ತದೆ. ಇದು ಟಿಲೋ ಮುರಿತ, ಹತ್ತೊಂಬತ್ತನೆಯ ಶತಮಾನದ ಫ್ರೆಂಚ್ ಶಸ್ತ್ರವೈದ್ಯರೊಬ್ಬರ ಹೆಸರಿನದು. ಸೀಳು ಮೂರು ದಿಕ್ಕಿಗೂ ಹರಡಿದರೆ ಅದು ಟ್ರೈಪ್ಲೇನ್ ಮುರಿತ; ಎದುರಿನ ಎಕ್ಸ್‌-ರೇಯಲ್ಲಿ ಮೂರನೆಯ ಬಗೆಯಂತೆಯೂ ಪಕ್ಕದ ಎಕ್ಸ್‌-ರೇಯಲ್ಲಿ ಎರಡನೆಯ ಬಗೆಯಂತೆಯೂ ಕಂಡು ದಾರಿ ತಪ್ಪಿಸುವಂಥದ್ದು. ಇವೆರಡಕ್ಕೂ ಸಿಟಿ ಸ್ಕ್ಯಾನ್ ತೆಗೆಸುವುದು ದುಂದುವೆಚ್ಚವಲ್ಲ, ಬಿರುಕು ನಿಜವಾಗಿ ಎಷ್ಟಿದೆ ಎಂಬುದು ಅದರಲ್ಲೇ ಸ್ಪಷ್ಟವಾಗುವುದು. ಈ ವಯಸ್ಸಿನಲ್ಲಿ ಬೆಳವಣಿಗೆ ಮುಗಿಯುತ್ತ ಬಂದಿರುವುದರಿಂದ ಕಾಲು ಗಿಡ್ಡವಾಗುವ ಆತಂಕ ಕಡಿಮೆ. ಕೀಲಿನ ಮೇಲ್ಮೈ ಸಮತಟ್ಟಾಗಿ ಕೂರದೆ ಮುಂದೆ ಕೀಲು ಸವೆಯುವ ಆತಂಕ ಹೆಚ್ಚು.

ಇದಕ್ಕೆ ವ್ಯತಿರಿಕ್ತವಾಗಿ, ಎಂಟು-ಹತ್ತು ವರ್ಷದ ಮಗುವಿನ ಒಳಗಿನ ಗಿಣ್ಣು ಮುರಿದಿದ್ದರೆ ಬೆಳವಣಿಗೆಯ ಮೇಲೆಯೇ ಕಣ್ಣಿಡಬೇಕು. ಪದರದ ಒಂದು ಭಾಗ ಮೂಳೆಯಾಗಿ ಬೆಸೆದುಕೊಂಡರೆ ಆ ಬದಿ ಬೆಳೆಯದೆ, ಇನ್ನೊಂದು ಬದಿ ಬೆಳೆಯುತ್ತಾ ಪಾದ ವಾಲುತ್ತದೆ. ಅದಕ್ಕಾಗಿ ಪ್ಲಾಸ್ಟರ್ ತೆಗೆದ ಮೇಲೂ ಒಂದೆರಡು ವರ್ಷ, ಆರು ತಿಂಗಳಿಗೊಮ್ಮೆ ಎಕ್ಸ್‌-ರೇ ತೆಗೆಸಬೇಕಾಗುತ್ತದೆ. ಪೆಟ್ಟಿನ ನಂತರ ಮೂಳೆಯಲ್ಲಿ ಮೂಡುವ ತೆಳುಗೆರೆ ಪದರಕ್ಕೆ ಸಮಾನಾಂತರವಾಗಿ ದೂರ ಸರಿದಿದ್ದರೆ ಬೆಳವಣಿಗೆ ಸರಿಯಾಗಿದೆ ಎಂದರ್ಥ. ಓರೆಯಾಗಿ ಪದರವನ್ನು ಮುಟ್ಟುವಂತಿದ್ದರೆ ಬೆಸುಗೆಯ ಸೂಚನೆ. ಬೇಗ ಗೊತ್ತಾದರೆ ಬೆಸೆದ ಭಾಗವನ್ನು ಕೊರೆದು ತೆಗೆಯುವ, ಉಳಿದ ಪದರವನ್ನೂ ನಿಲ್ಲಿಸಿ ವಾಲುವುದನ್ನು ತಡೆಯುವ, ಅಥವಾ ಮೂಳೆಯನ್ನು ಕತ್ತರಿಸಿ ನೇರ ಮಾಡುವ ದಾರಿಗಳಿವೆ. ನೋವು ಹೋಯಿತೆಂದು ಈ ಭೇಟಿಗಳನ್ನು ತಪ್ಪಿಸುವವರೇ ಹೆಚ್ಚು.

ಮನೆಯಲ್ಲಿ ಮೊದಲ ಎರಡು ಮೂರು ದಿನ ಕಾಲನ್ನು ದಿಂಬಿನ ಮೇಲೆ ಎತ್ತರಿಸಿಡಿ. ಬಟ್ಟೆಯಲ್ಲಿ ಸುತ್ತಿದ ಐಸ್ ಇಡಬಹುದು. ನೋವಿಗೆ ಮಗುವಿನ ತೂಕ ನೋಡಿ ವೈದ್ಯರು ಹೇಳಿದಷ್ಟು ಪ್ಯಾರಾಸಿಟಮಾಲ್ ಸಾಕು. ಉಳುಕು ತೆಗೆಸುತ್ತೇವೆಂದು ಎಣ್ಣೆ ಹಚ್ಚಿ ತಿಕ್ಕಿಸುವುದು, ಎಳೆಸುವುದು, ಬಿದಿರು ಪಟ್ಟಿ ಇಟ್ಟು ಬಿಗಿಯಾಗಿ ನಾಟಿ ಕಟ್ಟು ಹಾಕಿಸುವುದು ಬೇಡ. ಬಿಗಿದ ಕಟ್ಟು ರಕ್ತಸಂಚಾರವನ್ನು ತಡೆದರೆ ಪಾದಕ್ಕೇ ಸಂಚಕಾರ. ಕಟ್ಟು ಯಾರದೇ ಇರಲಿ, ಬೆರಳುಗಳು ತಣ್ಣಗಾಗಿ ಬಿಳಿಚಿದರೆ ಅಥವಾ ನೀಲಿಯಾದರೆ, ಜೋಮು ಹಿಡಿದರೆ, ಔಷಧಕ್ಕೂ ಬಗ್ಗದೆ ನೋವು ಏರುತ್ತಿದ್ದರೆ, ಬೆರಳನ್ನು ನೀವು ಮೆಲ್ಲಗೆ ಎಳೆದಾಗ ಮಗು ಚೀರಿದರೆ, ಬೆಳಗಾಗಲೆಂದು ಕಾಯದೆ ಆಸ್ಪತ್ರೆಗೆ ಹೋಗಬೇಕು. ಮೂಳೆ ಚರ್ಮವನ್ನು ಹರಿದು ಹೊರಬಂದಿದ್ದರೂ, ಪಾದದ ಆಕಾರವೇ ಕೆಟ್ಟಿದ್ದರೂ ಹಾಗೆಯೇ.

ನಿಮ್ಮ ಮಗಳಿಗೆ ಹತ್ತು ಹದಿನಾಲ್ಕು ದಿನಗಳ ನಂತರ ಮತ್ತೊಮ್ಮೆ ಪರೀಕ್ಷೆ ಆಗಲಿ. ಗಿಣ್ಣಿನ ಮೇಲೆ ಒತ್ತಿದರೂ ನೋವಿಲ್ಲದೆ, ಕುಂಟದೆ ನಡೆಯುತ್ತಿದ್ದರೆ ಬ್ರೇಸ್ ಬಿಡುವ ಬಗ್ಗೆ ವೈದ್ಯರು ಹೇಳುತ್ತಾರೆ. ಪೆಟ್ಟಾದ ಕಾಲೊಂದರಲ್ಲೇ ನಿಂತು, ಕುಪ್ಪಳಿಸಿ, ತಟ್ಟನೆ ದಿಕ್ಕು ಬದಲಿಸಿ ಓಡಲು ಆಗುವವರೆಗೆ ಖೊ-ಖೊ ಬೇಡ ಎಂದು ದೈಹಿಕ ಶಿಕ್ಷಣದ ಮೇಷ್ಟರಿಗೆ ಒಂದು ಚೀಟಿ ಬರೆದುಕೊಡಿ. ಶಾಲೆಗೆ ಹೋಗುವುದಕ್ಕೆ ಅಡ್ಡಿಯಿಲ್ಲ.