ಕೀಬೋರ್ಡ್ ಈಗ ಯಾರದ್ದು?

ಕಳೆದ ಮಳೆಗಾಲದಲ್ಲಿ ನೀರ್ಚಾಲಿನ ಅಕ್ಕನ ಮನೆಗೆ ಹೋಗಿದ್ದೆ. ಅಕ್ಕನ ಮಗ ಲ್ಯಾಪ್‌ಟಾಪಿನಲ್ಲಿ ಕಾರ್ ರೇಸ್ ಆಡುತ್ತಿದ್ದ. ಗೇರ್ ಏರಿಸುವುದಕ್ಕೆ ಶಿಫ್ಟ್ ಕೀ. ಪರದೆಯಲ್ಲಿ ಇನ್ನೂ ಕೆಂಪು ಲೈಟು, ರೇಸು ಶುರುವಾಗಿಲ್ಲ. ಸುಮ್ನೆ ಕೂರಲಾಗದೆ ಶಿಫ್ಟನ್ನು ಟಕಟಕ ಒತ್ತುತ್ತಿದ್ದ. ಲೈಟು ಹಸಿರಾಗುವುದಕ್ಕೂ ಆಟ ಮಾಯವಾಗುವುದಕ್ಕೂ ಸರಿಹೋಯಿತು. ಕಾರೂ ಇಲ್ಲ, ರಸ್ತೆಯೂ ಇಲ್ಲ. ಪರದೆಯ ನಡುವೆ ಒಂದು ಸಣ್ಣ ಪೆಟ್ಟಿಗೆ: ಸ್ಟಿಕಿ ಕೀಸ್ ಆನ್ ಮಾಡಬೇಕಾ?

"ಮಾವ, ಇದಕ್ಕೆ ವೈರಸ್ ಬಂದಿದೆ. ಫಾರ್ಮ್ಯಾಟ್ ಮಾಡಬೇಕು ಅಂತ ಅಂಗಡಿಯವರು ಹೇಳಿದ್ದಾರೆ" ಅಂದ.

ಒಮ್ಮೆ ಫಾರ್ಮ್ಯಾಟ್ ಮಾಡಿಸಿಯೂ ಆಗಿತ್ತಂತೆ. ಆಗ ಅಕ್ಕ ಜೋಪಾನವಾಗಿ ಇಟ್ಟಿದ್ದ ಹಳೆಯ ಫೋಟೋಗಳೆಲ್ಲ ಹೋದವು. ಪೆಟ್ಟಿಗೆ ಮಾತ್ರ ಮರುದಿನವೇ ವಾಪಸ್ ಬಂತು. ನನಗೆ ನಿಜಕ್ಕೂ ಬೇಜಾರಾಯಿತು. ರೋಗ ಏನೆಂದು ನೋಡದೆ ಪರಿಹಾರ ಮಾಡಿಸುವುದು ಮೂಢನಂಬಿಕೆ. ಅದು ಕಂಪ್ಯೂಟರಿನ ವಿಷಯದಲ್ಲಿ ನಡೆದರೂ ಮೂಢನಂಬಿಕೆಯೇ ಅಲ್ವಾ?

ಆ ಪೆಟ್ಟಿಗೆಗೂ ವೈರಸ್ಸಿಗೂ ಸಂಬಂಧವೇ ಇಲ್ಲ. ಶಿಫ್ಟ್ ಕೀಯನ್ನು ಸಾಲಾಗಿ ಐದು ಸಲ ಒತ್ತಿದರೆ ವಿಂಡೋಸ್ ಅದನ್ನು ತೋರಿಸುತ್ತದೆ. ಎರಡು ಕೀಗಳನ್ನು ಒಟ್ಟಿಗೆ ಒತ್ತಲಾಗದವರಿಗಾಗಿ ಮಾಡಿದ ಏರ್ಪಾಡು ಅದು. ಒಂದೇ ಕೈ ಇರುವವರು, ಬೆರಳು ನಡುಗುವವರು ಮೊದಲು ಶಿಫ್ಟ್ ಒತ್ತಿ ಬಿಡಬಹುದು, ಆಮೇಲೆ ಅಕ್ಷರ ಒತ್ತಬಹುದು. ಕಂಪ್ಯೂಟರು ಎರಡನ್ನೂ ಒಟ್ಟಿಗೆ ಒತ್ತಿದ ಹಾಗೆ ಲೆಕ್ಕ ಹಿಡಿಯುತ್ತದೆ. ಅಮೆರಿಕದ ವಿಸ್ಕಾನ್ಸಿನ್ ವಿಶ್ವವಿದ್ಯಾಲಯದ ಟ್ರೇಸ್ ಸೆಂಟರಿನಲ್ಲಿ ಇದರ ಕೆಲಸ ನಡೆಯಿತು. ವಿಂಡೋಸ್ 95ರಿಂದ ಅದು ವಿಂಡೋಸಿನ ಒಳಗೇ ಇದೆ. ಮೌಸ್ ಹಿಡಿಯಲಾಗದವರೂ ತಾವಾಗಿಯೇ ಆನ್ ಮಾಡಿಕೊಳ್ಳಲಿ ಅಂತಲೇ ಈ ಐದು ಸಲದ ಲೆಕ್ಕ. ಅವರಿಗೆ ಅದು ದೊಡ್ಡ ಉಪಕಾರ. ಆಟ ಆಡುವವರ ಬೆರಳು ಮಾತ್ರ ಗೊತ್ತಿಲ್ಲದೆ ಅದೇ ಬಾಗಿಲು ತಟ್ಟುತ್ತದೆ. ಬೇಡ ಅಂದರೆ ಸೆಟ್ಟಿಂಗ್ಸ್, ಆಕ್ಸೆಸಿಬಿಲಿಟಿ, ಕೀಬೋರ್ಡ್, ಸ್ಟಿಕಿ ಕೀಸ್ ಒಳಗೆ ಹೋಗಿ ಅದರ ಕೀಬೋರ್ಡ್ ಶಾರ್ಟ್‌ಕಟ್ ಆಫ್ ಮಾಡಿದರೆ ಮುಗಿಯಿತು. ಅರ್ಧ ನಿಮಿಷದ ಕೆಲಸ.

ನನಗೆ ಕುತೂಹಲ ಹುಟ್ಟಿಸುವುದು ಬೇರೆಯೇ ಒಂದು ಪ್ರಶ್ನೆ. ಇಷ್ಟು ಚಿಕ್ಕ ಪೆಟ್ಟಿಗೆ ಬಂದರೆ ಇಡೀ ಆಟ ಯಾಕೆ ಹೊರಗೆ ಹೋಗಬೇಕು? ಪೆಟ್ಟಿಗೆ ಪರದೆಯ ಮೂಲೆಯಲ್ಲಿ ಬಿದ್ದಿರಲಿ, ಆಟ ಅದರ ಪಾಡಿಗೆ ನಡೆಯಲಿ. ಹಾಗೆ ಆಗುವುದಿಲ್ಲ. ಅದಕ್ಕೆ ಕಾರಣ ಫೋಕಸ್.

ಕಂಪ್ಯೂಟರಿನಲ್ಲಿ ಒಂದೇ ಹೊತ್ತಿಗೆ ಇಪ್ಪತ್ತು ಪ್ರೋಗ್ರಾಂ ಓಡುತ್ತಿರಬಹುದು. ಕೀಬೋರ್ಡು ಮಾತ್ರ ಒಂದೇ. ನೀವು 'ಕ' ಒತ್ತಿದರೆ ಅದು ಇಪ್ಪತ್ತರಲ್ಲಿ ಯಾರಿಗೆ ಹೋಗಬೇಕು? ಯಾವುದೋ ಒಂದು ವಿಂಡೋಗೆ ಮಾತ್ರ ಹೋಗಬೇಕು. ಹಾಗೆ ಆಯ್ಕೆಯಾದ ವಿಂಡೋ ಬಳಿ ಫೋಕಸ್ ಇದೆ ಅನ್ನುತ್ತಾರೆ. ತೋಟದಲ್ಲಿ ಒಂದೇ ಪಂಪು, ಒಂದೇ ಪೈಪು ಇದ್ದ ಹಾಗೆ. ಪೈಪಿನ ತುದಿ ಯಾವ ಬುಡದಲ್ಲಿದೆಯೋ ಆ ಅಡಿಕೆ ಮರಕ್ಕೆ ಮಾತ್ರ ನೀರು. ಪಕ್ಕದ ಮರ ಎಷ್ಟು ಬಾಡಿದ್ದರೂ ಅದಕ್ಕೆ ಹನಿ ಇಲ್ಲ.

ಯಕ್ಷಗಾನ ನೋಡಿದವರಿಗೆ ಇದು ಇನ್ನೂ ಸುಲಭ. ಯಕ್ಷಗಾನ ಕವಿ ಪಾರ್ತಿಸುಬ್ಬನ ಕುಂಬಳೆ ನಮ್ಮ ಪಕ್ಕದಲ್ಲೇ ಇದೆ. ಹಾಗಾಗಿ ಆಟ ಅಂದರೆ ನಮ್ಮೂರಲ್ಲಿ ಮೊದಲು ನೆನಪಾಗುವುದು ಬಯಲಾಟ. ಚೌಕಿಯಲ್ಲಿ ಹತ್ತು ವೇಷ ಬಣ್ಣ ಹಚ್ಚಿ ಕಿರೀಟ ಕಟ್ಟಿ ಕೂತಿರುತ್ತವೆ. ರಂಗಸ್ಥಳಕ್ಕೆ ಯಾರು ಯಾವಾಗ ಬರಬೇಕು ಅನ್ನುವುದು ಭಾಗವತರ ಪದದಲ್ಲಿದೆ. ಕಂಪ್ಯೂಟರಿನಲ್ಲಿ ಭಾಗವತರ ಜಾಗ ಆಪರೇಟಿಂಗ್ ಸಿಸ್ಟಮ್‌ನದು, ಇಲ್ಲಿ ಅಂದರೆ ವಿಂಡೋಸಿನದು. ಪೆಟ್ಟಿಗೆ ಎದ್ದಾಗ ನಡೆದದ್ದು ಇಷ್ಟೇ: ಅರ್ಜುನ ಕುಣಿಯುತ್ತಿರುವಾಗಲೇ ಇನ್ನೊಂದು ವೇಷ ರಂಗಸ್ಥಳಕ್ಕೆ ಬಂತು, ಚೆಂಡೆ ಅದರ ಹೆಜ್ಜೆಗೆ ಬಾರಿಸತೊಡಗಿತು. ಅರ್ಜುನನ ಕಾಲು ಅಲ್ಲಿಗೇ ನಿಂತಿತು.

ಕೀ ಒತ್ತಿದಾಗ ಕಂಪ್ಯೂಟರಿಗೆ ಒಂದು ಸುದ್ದಿ ಹೋಗುತ್ತದೆ, ಬಿಟ್ಟಾಗ ಇನ್ನೊಂದು ಸುದ್ದಿ. ಒತ್ತಿದ್ದು ಬೇರೆ, ಬಿಟ್ಟದ್ದು ಬೇರೆ. ಹುಡುಗ ಮೇಲಿನ ಬಾಣದ ಕೀ ಒತ್ತಿ ಹಿಡಿದು ಕಾರು ಓಡಿಸುತ್ತಿದ್ದಾನೆ ಅಂದುಕೊಳ್ಳಿ. "ಒತ್ತಿದ" ಅನ್ನುವ ಸುದ್ದಿ ಆಟಕ್ಕೆ ತಲುಪಿದೆ. ಅಷ್ಟರಲ್ಲಿ ಪೆಟ್ಟಿಗೆ ಬಂತು, ಗಾಬರಿಯಲ್ಲಿ ಬೆರಳು ತೆಗೆದ. "ಬಿಟ್ಟ" ಅನ್ನುವ ಸುದ್ದಿ ಹೋದದ್ದು ಪೆಟ್ಟಿಗೆಗೆ. ಕೆಲವು ಆಟಗಳು ಫೋಕಸ್ ಹೋದ ತಕ್ಷಣ ಎಲ್ಲ ಕೀಗಳನ್ನೂ ಬಿಟ್ಟಂತೆ ಲೆಕ್ಕ ಹಾಕುತ್ತವೆ. ಆ ಜಾಣತನ ಇಲ್ಲದ ಆಟದಲ್ಲಿ, ವಾಪಸ್ ಬಂದಾಗಲೂ ಕೀ ಒತ್ತಿಯೇ ಇದೆ ಅಂತ ಲೆಕ್ಕ. ಯಾರೂ ಮುಟ್ಟದೆ ಕಾರು ನೆಟ್ಟಗೆ ಹೋಗಿ ಗೋಡೆಗೆ ಬಡಿಯುತ್ತದೆ. ನೋಡಿದವರಿಗೆ ಭೂತ ಹೊಕ್ಕ ಹಾಗೆ ಕಾಣುತ್ತದೆ. ಆ ಕೀಯನ್ನು ಒಮ್ಮೆ ಒತ್ತಿ ಬಿಡಿ, ಸರಿಯಾಗುತ್ತದೆ. ತಪ್ಪಿಹೋದ ಸುದ್ದಿ ಈಗ ತಲುಪಿತು.

ಇದಕ್ಕಿಂತ ಅಪಾಯದ್ದು ಸ್ಪೇಸ್ ಕೀ. ಆಟದಲ್ಲಿ ಅದು ಬ್ರೇಕು ಅಥವಾ ಜಿಗಿತ. ಪೆಟ್ಟಿಗೆಯಲ್ಲಿ ಅದೇ ಕೀ ಒತ್ತಿದರೆ ಅಲ್ಲಿ ಆಯ್ಕೆಯಾಗಿರುವ ಗುಂಡಿ ಒತ್ತಿದ ಹಾಗೆ. ಜಿಗಿಯಲು ಹೋಗಿ ಯಾವುದಕ್ಕೋ "ಹೌದು" ಅಂದಿರುತ್ತೀರಿ.

ಹಿಂದೆ ಇದಕ್ಕೆ ಕಡಿವಾಣವೇ ಇರಲಿಲ್ಲ. ವಿಂಡೋಸ್ 95ರ ಕಾಲದಲ್ಲಿ ಯಾವ ಪ್ರೋಗ್ರಾಂ ಬೇಕಾದರೂ ಯಾವಾಗ ಬೇಕಾದರೂ ಮುಂದೆ ಬಂದು ಫೋಕಸ್ ಕಿತ್ತುಕೊಳ್ಳಬಹುದಿತ್ತು. ವಿಂಡೋಸ್ 98ರಲ್ಲಿ ನಿಯಮ ಬಂತು. ನೀವು ಒಂದು ಕಡೆ ಕೆಲಸ ಮಾಡುತ್ತಿರುವಾಗ ಹಿಂದೆ ಇರುವ ಪ್ರೋಗ್ರಾಂ ತಾನಾಗಿ ಮುಂದೆ ನುಗ್ಗುವಂತಿಲ್ಲ. ನುಗ್ಗಲು ನೋಡಿದರೆ ಕೆಳಗಿನ ಪಟ್ಟಿಯಲ್ಲಿ ಅದರ ಗುರುತು ಮಿಣಮಿಣ ಅನ್ನುತ್ತದೆ, ಅಷ್ಟೇ. ಟಾಸ್ಕ್‌ಬಾರಿನಲ್ಲಿ ಕಿತ್ತಳೆ ಬಣ್ಣ ಮಿನುಗುವುದನ್ನು ನೋಡಿದ್ದೀರಲ್ಲ, ಅದು ತಡೆದು ನಿಲ್ಲಿಸಿದ ವೇಷ.

ಈ ಬೀಗಕ್ಕೆ ಒಂದು ಅವಧಿ ಇದೆ. ಸಾಮಾನ್ಯವಾಗಿ 2,00,000 ಮಿಲಿಸೆಕೆಂಡ್, ಅಂದರೆ 200 ಸೆಕೆಂಡ್. ನೀವು ಕೊನೆಯ ಸಲ ಕೀ ಅಥವಾ ಮೌಸ್ ಮುಟ್ಟಿ ಇಷ್ಟು ಹೊತ್ತು ಕಳೆದರೆ, ಇವರು ಎದ್ದು ಹೋಗಿರಬೇಕು ಅಂತ ವಿಂಡೋಸ್ ತಿಳಿಯುತ್ತದೆ. ಬೀಗ ಸಡಿಲವಾಗುತ್ತದೆ. ಆಟದ ನಡುವೆ ಉದ್ದದ ಕಥೆಯ ದೃಶ್ಯ ಬಂದು, ನೀವು ಕೈ ಕಟ್ಟಿ ನೋಡುತ್ತಾ ಕೂತರೆ ಮೂರು ನಿಮಿಷ ಇಪ್ಪತ್ತು ಸೆಕೆಂಡ್ ದಾಟುವುದು ಕಷ್ಟವಲ್ಲ. ಅಂಥ ಹೊತ್ತಿನಲ್ಲಿ ಮೌಸನ್ನು ಆಗಾಗ ಒಂಚೂರು ಅಲ್ಲಾಡಿಸುವವರು ತಿಳಿಯದೆಯೇ ಸರಿಯಾದದ್ದನ್ನು ಮಾಡುತ್ತಿದ್ದಾರೆ!

ಬಲಗಡೆ ಕೆಳಮೂಲೆಯಲ್ಲಿ ಜಾರಿ ಬರುವ ನೋಟಿಫಿಕೇಶನ್ ಬೇರೆ ಜಾತಿ. ಅದು ಕೀಬೋರ್ಡ್ ಕಿತ್ತುಕೊಳ್ಳುವುದಿಲ್ಲ, ಕಣ್ಣು ಕಿತ್ತುಕೊಳ್ಳುತ್ತದೆ. ನಮ್ಮ ಕಣ್ಣಿನ ಅಂಚಿಗೆ ಅಕ್ಷರ ಓದಲು ಬಾರದು, ಚಲನೆ ಮಾತ್ರ ಚೆನ್ನಾಗಿ ಗೊತ್ತಾಗುತ್ತದೆ. ಹುಲ್ಲಿನಲ್ಲಿ ಹಾವು ಸರಿದರೆ ನೋಡುವ ಮೊದಲೇ ಕಾಲು ಹಿಂದೆ ಬರುತ್ತದಲ್ಲ, ಅದೇ ಕಾರಣ. ಮೂಲೆಯಲ್ಲಿ ಏನೋ ಜಾರಿದರೆ ಕಣ್ಣು ಅತ್ತ ಹೋಗಿಯೇ ಹೋಗುತ್ತದೆ.

ಇದಕ್ಕೆ ಮದ್ದು ವಿಂಡೋಸಿನಲ್ಲೇ ಇದೆ. ವಿಂಡೋಸ್ 11ರಲ್ಲಿ ಸೆಟ್ಟಿಂಗ್ಸ್, ಸಿಸ್ಟಮ್, ನೋಟಿಫಿಕೇಶನ್ಸ್ ಒಳಗೆ ಡು ನಾಟ್ ಡಿಸ್ಟರ್ಬ್ ಅಂತ ಒಂದಿದೆ. ಆಟ ಆಡುವಾಗ ತಾನಾಗಿ ಆನ್ ಆಗಲಿ ಅನ್ನುವ ಗುರುತೂ ಅಲ್ಲೇ ಸಿಗುತ್ತದೆ. ವಿಂಡೋಸ್ 10ರಲ್ಲಿ ಇದರ ಹೆಸರು ಫೋಕಸ್ ಅಸಿಸ್ಟ್, 2018ರ ಅಪ್‌ಡೇಟಿನಲ್ಲಿ ಬಂದದ್ದು. ಆಟವನ್ನು ಫುಲ್ ಸ್ಕ್ರೀನಿನಲ್ಲೇ ಇಡಿ, ಇಲ್ಲದಿದ್ದರೆ ಅದಕ್ಕೆ ಗೊತ್ತಾಗದೆ ಹೋಗಬಹುದು. ಆನ್ ಮಾಡಿದರೆ ಬಂದ ಸಂದೇಶ ಯಾವುದೂ ಕಳೆದುಹೋಗುವುದಿಲ್ಲ, ಎಲ್ಲ ಚೌಕಿಯಲ್ಲಿ ಕೂತಿರುತ್ತವೆ. ಆಟ ಮುಗಿಸಿ, ವಿಂಡೋಸ್ 11ರಲ್ಲಾದರೆ ವಿಂಡೋಸ್ ಕೀ ಮತ್ತು ಎನ್ ಒಟ್ಟಿಗೆ ಒತ್ತಿದರೆ ಒಂದೊಂದಾಗಿ ನೋಡಬಹುದು.

ಮಾತಾಡುವ ಮೊದಲು ಕೇಳುವ ಸಭ್ಯತೆಯೂ ಪ್ರೋಗ್ರಾಂಗಳಿಗೆ ಸಾಧ್ಯ. ಬಳಸುವವರು ಈಗ ಫುಲ್ ಸ್ಕ್ರೀನ್ ಆಟದಲ್ಲಿದ್ದಾರಾ ಅಂತ ವಿಂಡೋಸನ್ನು ವಿಚಾರಿಸುವ ದಾರಿ ವಿಂಡೋಸ್ ವಿಸ್ತಾದ ಕಾಲದಿಂದಲೂ ಇದೆ. ಜಗಲಿಯಲ್ಲಿ ನಿಂತು ಒಮ್ಮೆ ಕೆಮ್ಮಿ ಒಳಗೆ ಬರುವುದು ನಮ್ಮಲ್ಲಿ ರೂಢಿಯಲ್ವಾ, ಹಾಗೆ. ಕೇಳದೆ ನುಗ್ಗುವ ಪ್ರೋಗ್ರಾಂ ಇದ್ದರೆ ತಪ್ಪು ಅದನ್ನು ಬರೆದವರದ್ದು. ಅಂಥದ್ದರ ನೋಟಿಫಿಕೇಶನ್ನನ್ನು ನೇರ ಬಂದ್ ಮಾಡಿ.

"ನಿಮ್ಮ ಕಂಪ್ಯೂಟರಿನಲ್ಲಿ ಐದು ವೈರಸ್ ಇದೆ" ಅಂತ ಕೆಂಪಕ್ಷರದಲ್ಲಿ ಹೆದರಿಸುವವು ಎಲ್ಲಿಂದ ಬರುತ್ತವೆ? ಹೆಚ್ಚಿನ ಸಲ ಬ್ರೌಸರಿನಿಂದ. ಯಾವುದೋ ವೆಬ್‌ಸೈಟು ನೋಟಿಫಿಕೇಶನ್ ಕಳಿಸಲು ಅನುಮತಿ ಕೇಳಿತ್ತು, ಅವಸರದಲ್ಲಿ ಅಲೋ ಒತ್ತಿದ್ದಿರಿ. ಆ ಪುಟ ಮುಚ್ಚಿದರೂ ಅನುಮತಿ ಉಳಿದಿದೆ. ಕ್ರೋಮಿನ ಸೆಟ್ಟಿಂಗ್ಸಿನಲ್ಲಿ ಪ್ರೈವಸಿ ಮತ್ತು ಸೆಕ್ಯುರಿಟಿ, ಸೈಟ್ ಸೆಟ್ಟಿಂಗ್ಸ್, ನೋಟಿಫಿಕೇಶನ್ಸ್ ತೆರೆದು ಗುರುತಿಲ್ಲದ ಹೆಸರುಗಳನ್ನೆಲ್ಲ ತೆಗೆಯಿರಿ. ಅಕ್ಕನ ಮನೆಯ ಲ್ಯಾಪ್‌ಟಾಪಿನಲ್ಲಿ ಹದಿನಾಲ್ಕು ಇದ್ದವು. ಫಾರ್ಮ್ಯಾಟ್ ಮಾಡಿದ ಮೇಲೂ ಮತ್ತೆ ಅಲೋ ಒತ್ತಿ ಒತ್ತಿ ಸೇರಿದವು.

ಪಾಪ್-ಅಪ್ ಜಾಹೀರಾತು ಹುಟ್ಟಿದ್ದು 1990ರ ದಶಕದಲ್ಲಿ. ಟ್ರೈಪಾಡ್ ಅನ್ನುವ ಸೈಟಿನಲ್ಲಿ ಕೆಲಸ ಮಾಡುತ್ತಿದ್ದ ಈಥನ್ ಝುಕರ್‌ಮನ್ ಅದಕ್ಕೆ ಕೋಡ್ ಬರೆದರು. ಅಶ್ಲೀಲ ಪುಟದಲ್ಲಿ ತಮ್ಮ ಜಾಹೀರಾತು ಕಂಡು ಒಂದು ಕಾರು ಕಂಪನಿ ಸಿಟ್ಟಾಗಿತ್ತು. ಪುಟಕ್ಕೂ ಜಾಹೀರಾತಿಗೂ ಸಂಬಂಧ ಇಲ್ಲ ಅಂತ ಕಾಣಲು ಜಾಹೀರಾತನ್ನು ಬೇರೆಯೇ ವಿಂಡೋದಲ್ಲಿ ಹಾಕಿದರು. ಬೇರೆ ವಿಂಡೋ ಅಂದಮೇಲೆ ಅದಕ್ಕೆ ಫೋಕಸ್ ಕೂಡ ಹೋಯಿತು. 2014ರಲ್ಲಿ ಅವರು ಒಂದು ಲೇಖನ ಬರೆದು ಕ್ಷಮೆ ಕೇಳಿದರು.

ಕಂಪ್ಯೂಟರಿಗೆ ಅಡ್ಡಿ ಅಂದರೆ ಲೆಕ್ಕಕ್ಕೇ ಇಲ್ಲ. ಹೊರಗಿನಿಂದ ಕರೆ ಬಂದಾಗ ಮಾಡುತ್ತಿರುವುದನ್ನು ನಿಲ್ಲಿಸಿ ಅತ್ತ ಗಮನ ಕೊಡುವ ಇಂಟರಪ್ಟ್ ಪದ್ಧತಿ 1954ರ ಡಿಸಿಯಾಕ್ ಯಂತ್ರದಲ್ಲೇ ಇತ್ತು. ಎಲ್ಲಿಯವರೆಗೆ ಮಾಡಿದ್ದೆ ಅನ್ನುವುದನ್ನು ಬರೆದಿಟ್ಟು ಹೋಗುತ್ತದೆ, ಬಂದು ಅದೇ ಜಾಗದಿಂದ ಮುಂದುವರಿಸುತ್ತದೆ. ನಮ್ಮ ತಲೆಗೆ ಹಾಗೆ ಬರೆದಿಡುವ ಪುಸ್ತಕ ಇಲ್ಲ. ಅಮೆರಿಕದಲ್ಲಿ ಎರಿಕ್ ಆಲ್ಟ್‌ಮನ್ ಮತ್ತು ಜೊತೆಗಾರರು 2014ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ, ಸಾಲಾಗಿ ಹೆಜ್ಜೆ ಹಾಕಬೇಕಾದ ಕೆಲಸದ ನಡುವೆ ಸರಾಸರಿ 2.8 ಸೆಕೆಂಡಿನ ಅಡ್ಡಿ ಬಂದರೆ ಹೆಜ್ಜೆ ತಪ್ಪುವುದು ಇಮ್ಮಡಿಯಾಯಿತು. 4.4 ಸೆಕೆಂಡಾದರೆ ಮೂರು ಪಟ್ಟು. "ಬರೀ ಒಂದು ಮೆಸೇಜ್ ಅಲ್ವಾ" ಅನ್ನುವವರು ಈ ಲೆಕ್ಕ ನೋಡಬೇಕು.

ನಮ್ಮ ತೋಟದಲ್ಲಿ ಅಡಿಕೆಗೆ ಮದ್ದು ಬಿಡಲು ಬರುವವರು ಒಂದು ಮರದ ತಲೆಯಿಂದ ಇನ್ನೊಂದು ಮರಕ್ಕೆ ತೂಗಿಕೊಂಡು ದಾಟುತ್ತಾರೆ. ಆ ಹೊತ್ತಿನಲ್ಲಿ ಕೆಳಗಿನಿಂದ ಚಾ ತಯಾರಾಗಿದೆ ಅಂತಲೂ ಯಾರೂ ಕೂಗುವುದಿಲ್ಲ. ಹಿಡಿಯಲು ಹೊರಟ ಮರದಲ್ಲಿ ಕಣಜದ ಗೂಡು ಕಂಡರೆ ಮಾತ್ರ ಕೂಗಲೇಬೇಕು. ಲ್ಯಾಪ್‌ಟಾಪಿನ ಕಣಜದ ಗೂಡು ಬ್ಯಾಟರಿ. ಮಳೆಗಾಲದಲ್ಲಿ ಕರೆಂಟು ಹೋದದ್ದು ಆಟದ ಭರದಲ್ಲಿ ಗೊತ್ತೇ ಆಗುವುದಿಲ್ಲ. ಅವತ್ತು ಎಲ್ಲವನ್ನೂ ಸುಮ್ಮನಾಗಿಸಿ ಆದ ಮೇಲೆ ಅಕ್ಕನ ಮಗನಿಗೆ ಹೇಳಿದೆ: ಪ್ರತಿ ರೇಸು ಮುಗಿದಾಗ ಬ್ಯಾಟರಿ ಒಮ್ಮೆ ನೋಡು. ಸರಿ ಮಾವ ಅಂದ. ಕೆಂಪು ಲೈಟು ಬಂತು, ಶಿಫ್ಟ್ ಕೀಯ ಟಕಟಕ ಶುರುವಾಯಿತು. ಐದಾಯಿತು, ಆರಾಯಿತು, ಎಂಟಾಯಿತು. ಲೈಟು ಹಸಿರಾಯಿತು, ಕಾರು ಹೊರಟಿತು.