ಗಾಳಿ ಕೆತ್ತಿದ ಗೋಪುರಗಳು

ಮಹಾನಗರದ ಗಗನಚುಂಬಿಗಳನ್ನು ದೂರದಿಂದ ನೋಡಿ. ಒಂದು ಮೇಲೆ ಹೋದಂತೆ ಸಣ್ಣಗಾಗಿದೆ, ಇನ್ನೊಂದು ತಿರುಚಿಕೊಂಡಿದೆ, ಮತ್ತೊಂದರ ಮೂಲೆಗಳನ್ನು ಯಾರೋ ಕಚ್ಚಿ ತೆಗೆದಂತಿದೆ. ವಾಸ್ತುಶಿಲ್ಪಿಯ ಶೋಕಿ ಅನ್ನಿಸುತ್ತದೆ. ಶೋಕಿ ಇಲ್ಲವೇ ಇಲ್ಲ ಎಂದಲ್ಲ. ಆದರೆ ಕಟ್ಟಡ ತೀರಾ ಎತ್ತರವಾದಾಗ ವಿನ್ಯಾಸಕಾರನ ನಿದ್ದೆ ಕೆಡಿಸುವುದು ಭಾರಕ್ಕಿಂತ ಹೆಚ್ಚಾಗಿ ಗಾಳಿ.

ಭಾರದ ಲೆಕ್ಕ ನೇರ. ಮಹಡಿಗಳು ಎರಡರಷ್ಟಾದರೆ ಬುಡದ ಕಂಬದ ಮೇಲಿನ ಹೊರೆಯೂ ಸುಮಾರು ಎರಡರಷ್ಟು. ಗಾಳಿ ಹಾಗಲ್ಲ. ಎತ್ತರ ಇಮ್ಮಡಿಯಾದರೆ ಗಾಳಿಗೆ ಒಡ್ಡಿದ ಮುಖವೂ ಇಮ್ಮಡಿ, ಆ ಬಲ ಬುಡವನ್ನು ಮೀಟುವ ಸನ್ನೆಯ ಉದ್ದವೂ ಇಮ್ಮಡಿ. ಹಾಗಾಗಿ ಕಟ್ಟಡವನ್ನು ಬುಡದಲ್ಲಿ ಬಾಗಿಸುವ ಪ್ರಭಾವ ನಾಲ್ಕು ಪಟ್ಟಾಗುತ್ತದೆ. ಮೇಲೆ ಹೋದಂತೆ ಗಾಳಿಯ ವೇಗವೂ ಏರುವುದರಿಂದ ವಾಸ್ತವದಲ್ಲಿ ಇನ್ನೂ ಹೆಚ್ಚು.

ಎದುರಿನಿಂದ ಬೀಸುವ ಗಾಳಿ ಕಟ್ಟಡವನ್ನು ಹಿಂದಕ್ಕೆ ತಳ್ಳುತ್ತದೆ, ಅದೇ ದೊಡ್ಡ ಅಪಾಯ ಎಂದು ಬಹಳ ಜನ ತಿಳಿದಿದ್ದಾರೆ. ಸಪೂರ ಗೋಪುರಗಳಲ್ಲಿ ಹೆಚ್ಚು ಕಾಡುವುದು ಅಡ್ಡ ಓಲಾಟ. ಹರಿಯುವ ಹೊಳೆಯಲ್ಲಿ ಒಂದು ಗಳು ನೆಟ್ಟರೆ ಅದರ ಹಿಂದೆ ಸುಳಿಗಳು ಒಮ್ಮೆ ಎಡಕ್ಕೆ, ಒಮ್ಮೆ ಬಲಕ್ಕೆ ಕಳಚಿಕೊಳ್ಳುತ್ತವೆ. ಕಟ್ಟಡದ ಹಿಂದೆಯೂ ಅಷ್ಟೇ. ಸುಳಿ ಕಳಚಿದಾಗಲೆಲ್ಲ ಕಟ್ಟಡ ಒಂದು ಪಕ್ಕಕ್ಕೆ ಎಳೆಸಿಕೊಳ್ಳುತ್ತದೆ. ಎಳೆತ ಸಣ್ಣದೇ. ಆದರೆ ಜೋಕಾಲಿಯನ್ನು ಸರಿಯಾದ ಹೊತ್ತಿಗೆ ಬೆರಳಲ್ಲಿ ತಳ್ಳುತ್ತಾ ಹೋದರೆ ಏನಾಗುತ್ತದೆ? ಸುಳಿಗಳ ಲಯ ಕಟ್ಟಡದ ಸ್ವಂತ ಓಲಾಟದ ಲಯಕ್ಕೆ ಕೂಡಿದರೂ ಹಾಗೆಯೇ, ಓಲಾಟ ಬೆಳೆಯುತ್ತಲೇ ಹೋಗುತ್ತದೆ.

ಲೆಕ್ಕ ಹಾಕಿ ನೋಡಬಹುದು. 460 ಮೀಟರ್ ಎತ್ತರ, 50 ಮೀಟರ್ ಅಗಲದ ಚೌಕ ಗೋಪುರ ಎಂದುಕೊಳ್ಳಿ. 46ನ್ನು ಎತ್ತರದಿಂದ ಭಾಗಿಸುವುದು ಒಂದು ಅಂದಾಜು ಸೂತ್ರ. ಅದರ ಪ್ರಕಾರ ಗೋಪುರ ಸೆಕೆಂಡಿಗೆ 0.1 ಬಾರಿ, ಅಂದರೆ 10 ಸೆಕೆಂಡಿಗೊಮ್ಮೆ ಓಲಾಡುತ್ತದೆ. ಸುಳಿಗಳ ಲಯ ತಿಳಿಯಲು ಗಾಳಿಯ ವೇಗವನ್ನು ಸುಮಾರು 0.12ರಿಂದ ಗುಣಿಸಿ ಅಗಲದಿಂದ ಭಾಗಿಸಬೇಕು. ಗಾಳಿ ಸೆಕೆಂಡಿಗೆ ಸುಮಾರು 42 ಮೀಟರ್, ಗಂಟೆಗೆ 150 ಕಿ.ಮೀ. ಆದಾಗ ಎರಡೂ ಲಯ ಕೂಡಿಬಿಡುತ್ತವೆ. ಚಂಡಮಾರುತದ ಊರಿನಲ್ಲಿ ಇದು ಬಾರದ ವೇಗವೇನಲ್ಲ. ಅದೇ ಎತ್ತರಕ್ಕೆ ಅಗಲವನ್ನು 30 ಮೀಟರಿಗೆ ಇಳಿಸಿದರೆ ಸೆಕೆಂಡಿಗೆ 25 ಮೀಟರ್ ಗಾಳಿಯೇ ಸಾಕು. ಸಪೂರವಾದಷ್ಟೂ ಕಷ್ಟ ಎಂದರೆ ಇದೇ.

ಪರಿಹಾರ ಗಾಳಿಯನ್ನು ಗೊಂದಲಕ್ಕೆ ಬೀಳಿಸುವುದು. ಸುಳಿಗಳು ಬುಡದಿಂದ ತುದಿಯವರೆಗೆ ಒಂದೇ ತಾಳದಲ್ಲಿ ಕಳಚದಂತೆ ಮಾಡಿದರೆ ಎಳೆತಗಳು ಒಂದನ್ನೊಂದು ಕೊಲ್ಲುತ್ತವೆ. ದುಬೈನ 828 ಮೀಟರಿನ ಬುರ್ಜ್ ಖಲೀಫಾದಲ್ಲಿ ಮೂರು ರೆಕ್ಕೆಗಳು ಬೇರೆ ಬೇರೆ ಎತ್ತರದಲ್ಲಿ ಸುರುಳಿಯಂತೆ ಹಿಂದೆ ಸರಿಯುತ್ತವೆ. ಪ್ರತಿ ಹಂತದಲ್ಲೂ ಅಗಲ ಬೇರೆ, ಹಾಗಾಗಿ ಸುಳಿಯ ಲಯವೂ ಬೇರೆ. 632 ಮೀಟರಿನ ಶಾಂಘೈ ಟವರ್ ಬುಡದಿಂದ ತುದಿಗೆ ಸುಮಾರು 120 ಡಿಗ್ರಿ ತಿರುಚಿಕೊಂಡಿದೆ. ಇದರಿಂದ ಗಾಳಿಯ ಹೊರೆ ಸುಮಾರು 24 ಶೇಕಡ ಇಳಿಯಿತು. ತೈವಾನಿನ ತೈಪೆ 101 ಗೋಪುರದ ಮೂಲೆಗಳನ್ನು ಗರಗಸದ ಹಲ್ಲಿನಂತೆ ಕಚ್ಚು ಹಾಕಿದ್ದರಿಂದಲೇ ಬುಡದ ಬಾಗುಬಲ ಸುಮಾರು ಕಾಲು ಭಾಗ ಕಡಿಮೆಯಾಯಿತು. ನ್ಯೂಯಾರ್ಕಿನ 432 ಪಾರ್ಕ್ ಅವೆನ್ಯೂದಲ್ಲಿ ಅಲ್ಲಲ್ಲಿ ಮಹಡಿಗಳನ್ನು ಗೋಡೆಯಿಲ್ಲದೆ ಬಿಟ್ಟು ಗಾಳಿಗೆ ದಾರಿ ಕೊಟ್ಟಿದ್ದಾರೆ.

ಇದನ್ನೆಲ್ಲ ಪರೀಕ್ಷಿಸುವುದು ವಿಂಡ್ ಟನಲ್‌ನಲ್ಲಿ, ಅಂದರೆ ಮಾದರಿಯ ಮೇಲೆ ಗಾಳಿ ಬೀಸಿ ನೋಡುವ ಸುರಂಗದಲ್ಲಿ. ಸಾಮಾನ್ಯವಾಗಿ ನಾನೂರರಲ್ಲಿ ಒಂದರಷ್ಟು ಅಳತೆಯ ಮಾದರಿ, ಸುತ್ತ ನಾಲ್ಕೈದು ನೂರು ಮೀಟರ್ ವ್ಯಾಪ್ತಿಯ ಕಟ್ಟಡಗಳೂ ಜೊತೆಗೆ. ಮಾದರಿಯ ಮೈತುಂಬ ಒತ್ತಡ ಅಳೆಯುವ ನೂರಾರು ಸಣ್ಣ ತೂತುಗಳು. ಎಲ್ಲವನ್ನೂ ತಿರುಗುಮೇಜಿನ ಮೇಲಿಟ್ಟು 10 ಡಿಗ್ರಿಗೊಮ್ಮೆ ತಿರುಗಿಸಿ 36 ದಿಕ್ಕುಗಳಲ್ಲಿ ಅಳೆಯುತ್ತಾರೆ. ಪಕ್ಕದಲ್ಲಿ ಮುಂದೆ ಏಳಲಿರುವ ಗೋಪುರವನ್ನು ಇಟ್ಟೂ ನೋಡಬೇಕು, ತೆಗೆದೂ ನೋಡಬೇಕು. ನೆರೆಯ ಕಟ್ಟಡದ ಸುಳಿ ನಮ್ಮದನ್ನು ಬಡಿಯುವುದುಂಟು. ಆಕಾರ ಅಂತಿಮವಾದ ಮೇಲೆ ಟನಲ್‌ಗೆ ಹೋಗುವುದಂತೂ ಕೋಟೆ ಸೂರೆ ಹೋದ ಮೇಲೆ ದಿಡ್ಡಿ ಬಾಗಿಲು ಹಾಕಿದಂತೆ. ಆಗ ಉಳಿಯುವುದು ಸ್ಟೀಲ್ ತುಂಬುವ ದುಬಾರಿ ದಾರಿ.

ಓರೆ ಗಾಳಿಯನ್ನು ಮರೆತರೆ ಏನಾಗುತ್ತದೆ ಎನ್ನುವುದಕ್ಕೆ 1977ರಲ್ಲಿ ಮುಗಿದ ನ್ಯೂಯಾರ್ಕಿನ ಸಿಟಿಕಾರ್ಪ್ ಸೆಂಟರ್ ಸಾಕ್ಷಿ. ಅದರ ಕಂಬಗಳು ಮೂಲೆಯಲ್ಲಿಲ್ಲ, ಪ್ರತಿ ಬದಿಯ ನಡುವೆ ಇವೆ. ಅಂಥ ಕಟ್ಟಡಕ್ಕೆ ಮೂಲೆಯ ಕಡೆಯಿಂದ ಬರುವ ಗಾಳಿ ಹೆಚ್ಚು ಕಠಿಣ. ಮೇಲಾಗಿ ವೆಲ್ಡ್ ಮಾಡಬೇಕಿದ್ದ ಜೋಡಣೆಗಳನ್ನು ಬೋಲ್ಟ್ ಹಾಕಿ ಮುಗಿಸಲಾಗಿತ್ತು. 1978ರಲ್ಲಿ ಲೆಕ್ಕ ಮತ್ತೆ ತೆಗೆದಾಗ ತಪ್ಪು ಕಂಡು, ರಾತ್ರಿ ಹೊತ್ತು ಜೋಡಣೆಗಳ ಮೇಲೆ ದಪ್ಪ ಉಕ್ಕಿನ ಫಲಕಗಳನ್ನು ವೆಲ್ಡ್ ಮಾಡಿದರು.

ಆಕಾರ ಸರಿಮಾಡಿದ ಮೇಲೂ ಸ್ವಲ್ಪ ಓಲಾಟ ಉಳಿದೇ ಉಳಿಯುತ್ತದೆ. ಕಟ್ಟಡಕ್ಕೆ ಅಪಾಯವಿಲ್ಲದಿದ್ದರೂ ಮಲಗಿದವರಿಗೆ ತಲೆ ಸುತ್ತುತ್ತದೆ, ವಿಭಜನಾ ಗೋಡೆಗಳು ಕಿರುಗುಟ್ಟುತ್ತವೆ. ಇದಕ್ಕೆ ಡ್ಯಾಂಪರ್, ಅಂದರೆ ಓಲಾಟ ತಗ್ಗಿಸುವ ಸಾಧನ. ತೈಪೆ 101ರಲ್ಲಿ 12.5 ಸೆಂ.ಮೀ. ದಪ್ಪದ 41 ಉಕ್ಕಿನ ಫಲಕಗಳನ್ನು ಒಂದರ ಮೇಲೊಂದು ಪೇರಿಸಿ ಮಾಡಿದ 5.5 ಮೀಟರ್ ವ್ಯಾಸದ, 660 ಟನ್ನಿನ ಗೋಳವೊಂದು 92ನೇ ಮಹಡಿಯಿಂದ ಹಗ್ಗಗಳಲ್ಲಿ ನೇತಾಡುತ್ತದೆ. ಕಟ್ಟಡ ಎಡಕ್ಕೆ ಬಂದಾಗ ಗೋಳ ಹಿಂದುಳಿಯುತ್ತದೆ, ಅದರ ಕೆಳಗಿನ ಎಣ್ಣೆಯ ಸಿಲಿಂಡರುಗಳು ಓಲಾಟದ ಶಕ್ತಿಯನ್ನು ಬಿಸಿಯಾಗಿ ಕರಗಿಸುತ್ತವೆ. ಲೋಲಕದ ಲಯ ಕಟ್ಟಡದ ಲಯಕ್ಕೆ ಹೊಂದಬೇಕು: 7 ಸೆಕೆಂಡಿನ ಓಲಾಟಕ್ಕೆ ಸುಮಾರು 12 ಮೀಟರ್ ಉದ್ದದ ಲೋಲಕ ಬೇಕು. ಹೊಂದದಿದ್ದರೆ ಅಷ್ಟು ಟನ್ನೂ ಬರೀ ಹೊರೆ. ಗೋಡೆ, ಸಾಮಾನು, ಕಾಂಕ್ರೀಟಿನ ಸಣ್ಣ ಬಿರುಕು ಎಲ್ಲವೂ ಕಟ್ಟಡದ ಲಯ ಬದಲಿಸುವುದರಿಂದ ನಕ್ಷೆಯ ಅಂಕಿಯನ್ನು ನಂಬದೆ, ಕಟ್ಟಿದ ಮೇಲೆ ಅಳೆದು ಶ್ರುತಿ ಮಾಡಬೇಕು.

ಬಹಳ ಜನ ಮರೆಯುವುದು ಲಿಫ್ಟಿನ ಹಗ್ಗ. ಅದಕ್ಕೂ ತನ್ನದೇ ಲಯವಿದೆ, ಲಿಫ್ಟ್ ನಿಂತ ಮಹಡಿಗೆ ತಕ್ಕಂತೆ ಅದು ಬದಲಾಗುತ್ತದೆ. ಯಾವುದೋ ಒಂದು ಮಹಡಿಯಲ್ಲಿ ಅದು ಕಟ್ಟಡದ ಲಯಕ್ಕೆ ಕೂಡಿಬಿಟ್ಟರೆ ಹಗ್ಗ ಲಿಫ್ಟ್ ಓಡಾಡುವ ಬಾವಿಯ ಗೋಡೆಗೆ ಬಡಿಯತೊಡಗುತ್ತದೆ. ಬಿರುಗಾಳಿಯ ದಿನ ಎತ್ತರದ ಕಟ್ಟಡಗಳಲ್ಲಿ ಲಿಫ್ಟ್ ನಿಧಾನವಾದರೆ ಅದು ಕೆಟ್ಟಿದೆ ಎಂದಲ್ಲ. ಓಲಾಟದ ಮಾಪಕ ಅದಕ್ಕೆ ನಿಧಾನಿಸಲು ಹೇಳಿರುತ್ತದೆ, ಖಾಲಿ ಲಿಫ್ಟನ್ನು ಆ ಕೆಟ್ಟ ಮಹಡಿಯಿಂದ ದೂರ ನಿಲ್ಲಿಸಿರುತ್ತದೆ.