ಆಸ್ಟ್ರೇಲಿಯಾಕ್ಕೆ 45 ಟೆಸ್ಟ್ ಆಡಿದವರು ಫಿಜಿಯ ನಾಯಕ ಆಗಿದ್ದು ಹೇಗೆ?

ಓದುಗರ ಪ್ರಶ್ನೆ: ಈಚೆಗೆ ರಗ್ಬಿ ಲೀಗ್ ನೋಡೋಕೆ ಶುರು ಮಾಡಿದ್ದೇನೆ. ಪೆಟೆರೊ ಅನ್ನುವ ಫಿಜಿ ಆಟಗಾರ ಆಸ್ಟ್ರೇಲಿಯಾ ಪರ 45 ಟೆಸ್ಟ್ (ದೇಶ ದೇಶಗಳ ನಡುವಿನ ಪಂದ್ಯ) ಆಡಿ, ಆಮೇಲೆ ವಿಶ್ವಕಪ್‌ನಲ್ಲಿ ಫಿಜಿಗೆ ನಾಯಕ ಆದರು ಅಂತ ಓದಿದೆ. ಒಬ್ಬರೇ ಎರಡು ದೇಶಕ್ಕೆ ಆಡಬಹುದಾ? ಅಸಲಿಗೆ ಅವರು ಯಾವ ದೇಶದವರು?

ಉತ್ತರ: ಆಡಬಹುದು. ಎರಡನೇ ಪ್ರಶ್ನೆಗೆ ನನ್ನ ಉತ್ತರ, ಅವರು ಎರಡೂ ದೇಶದವರು. ಹೀಗಂದರೆ ಜಾರಿಕೊಂಡ ಹಾಗೆ ಕಾಣಬಹುದು. ಆದರೆ ಅವರ ಆಟದ ಬದುಕು ನೋಡಿದರೆ ಬೇರೆ ಉತ್ತರ ಕೊಡೋಕೆ ನನಗೆ ಮನಸ್ಸು ಬರುವುದಿಲ್ಲ.

ಮೊದಲು ಹೆಸರು ಸರಿಯಾಗಿ ಹೇಳೋಣ. ಇಂಗ್ಲಿಷ್ ಅಕ್ಷರ ನೋಡಿದರೆ ‘ಸಿವೊನಿಸೆವ’ ಅಂತ ಓದಿಬಿಡುತ್ತೇವೆ. ಫಿಜಿ ಭಾಷೆಯಲ್ಲಿ ‘ಸಿ’ ಅಕ್ಷರಕ್ಕೆ ಇರುವ ಉಚ್ಚಾರ ನಮ್ಮ ‘ದ’ಕ್ಕೆ ಹತ್ತಿರ. ಹಾಗಾಗಿ ಪೆಟೆರೊ ದಿವೊನಿದೆವ. ಅಲ್ಲಿನ ವಿಮಾನ ನಿಲ್ದಾಣದ ಊರನ್ನು ‘ನಾಡಿ’ ಅಂತ ಬರೆದು ‘ನಾಂಡಿ’ ಅಂತ ಕರೆಯುವುದೂ ಇದೇ ಥರ.

ಪೆಟೆರೊ ಹುಟ್ಟಿದ್ದು 1976ರಲ್ಲಿ, ಫಿಜಿಯ ರಾಜಧಾನಿ ಸುವಾದಲ್ಲಿ. ಎಳೆ ಮಗುವಾಗಿದ್ದಾಗಲೇ ಮನೆಯವರು ಆಸ್ಟ್ರೇಲಿಯಾಕ್ಕೆ ಹೋದರು. ಬೆಳೆದದ್ದು ಕ್ವೀನ್ಸ್‌ಲ್ಯಾಂಡ್ ರಾಜ್ಯದಲ್ಲಿ, ಬ್ರಿಸ್ಬೇನ್ ಪಕ್ಕದ ಕಡಲತೀರದ ಊರು ರೆಡ್‌ಕ್ಲಿಫ್‌ನಲ್ಲಿ. ಆಟ ಕಲಿತದ್ದೂ ಅಲ್ಲೇ. 1998ರಲ್ಲಿ ಬ್ರಿಸ್ಬೇನ್ ಬ್ರಾಂಕೋಸ್ ತಂಡಕ್ಕೆ ಬಂದರು. ನಡುವೆ ನಾಲ್ಕು ವರ್ಷ ಪೆನ್ರಿತ್ ತಂಡದಲ್ಲಿದ್ದು, ಅಲ್ಲಿ ನಾಯಕರೂ ಆಗಿ, 2012ರಲ್ಲಿ ಮತ್ತೆ ಬ್ರಾಂಕೋಸ್‌ಗೆ ಮರಳಿದರು. ಎನ್‌ಆರ್‌ಎಲ್ ಅನ್ನುವ ಆಸ್ಟ್ರೇಲಿಯಾದ ದೊಡ್ಡ ಲೀಗ್‌ನಲ್ಲಿ ಒಟ್ಟು 309 ಪಂದ್ಯ.

309 ಅಂದರೆ ಎಷ್ಟು ದೊಡ್ಡದು ಅಂತ ಗೊತ್ತಾಗಬೇಕಾದರೆ ಅವರು ಆಡುತ್ತಿದ್ದ ಜಾಗ ಗೊತ್ತಿರಬೇಕು. ಅವರು ‘ಪ್ರಾಪ್’. ರಗ್ಬಿ ಲೀಗ್‌ನಲ್ಲಿ ಒಂದು ಕಡೆಗೆ 13 ಜನ. ಚೆಂಡು ಕೈಗೆ ಬಂದರೆ ಆರು ಸಲ ಹಿಡಿಸಿಕೊಳ್ಳಲು ಅವಕಾಶ, ಅಷ್ಟರಲ್ಲಿ ಆಚೆ ಗೆರೆ ಮುಟ್ಟಿ ಚೆಂಡನ್ನು ನೆಲಕ್ಕೊತ್ತಬೇಕು, ಅದೇ ‘ಟ್ರೈ’. ಇಲ್ಲವಾದರೆ ಚೆಂಡು ಎದುರಾಳಿಗೆ. ನಮ್ಮ ಕಬಡ್ಡಿಯಲ್ಲಿ ರೇಡರ್ ತಪ್ಪಿಸಿಕೊಂಡು ವಾಪಸ್ ಬರಬೇಕು. ಪ್ರಾಪ್ ತಪ್ಪಿಸಿಕೊಳ್ಳುವ ಯೋಚನೆ ಬಿಟ್ಟು ನೇರ ನುಗ್ಗುತ್ತಾರೆ. ಎದುರಿಗೆ ನೂರು ಕಿಲೋ ಆಸುಪಾಸಿನ ಮೂವರು ಓಡಿ ಬರುತ್ತಿರುತ್ತಾರೆ. ಡಿಕ್ಕಿ ಆಗುತ್ತದೆ, ಪ್ರಾಪ್ ಕೆಳಗೆ ಬೀಳುತ್ತಾರೆ. ಮೈಮೇಲಿನ ಮೂವರನ್ನು ಕೊಡವಿ ಎದ್ದು, ಚೆಂಡನ್ನು ನೆಲಕ್ಕಿಟ್ಟು, ಕಾಲಿನಿಂದ ಹಿಂದಕ್ಕೆ ಉರುಳಿಸುತ್ತಾರೆ. ಹಿಂದಿದ್ದವರು ಎತ್ತಿಕೊಂಡು ಆಟ ಮುಂದುವರಿಸುತ್ತಾರೆ. ಪ್ರಾಪ್‌ಗೆ ಸಿಕ್ಕಿದ್ದು ಎಂಟು ಹತ್ತು ಮೀಟರ್ ಅಷ್ಟೇ. ಉಸಿರು ತಗೊಳ್ಳುವಷ್ಟರಲ್ಲಿ ಮತ್ತೆ ಅದೇ ಕೆಲಸ.

ಟಿವಿಯಲ್ಲಿ ಅಂಚಿನಿಂದ ಓಡಿಹೋಗಿ ಟ್ರೈ ಹೊಡೆದವರನ್ನೇ ಮತ್ತೆ ಮತ್ತೆ ತೋರಿಸುತ್ತಾರೆ. ಆ ಓಟಕ್ಕೆ ಜಾಗ ಮಾಡಿಕೊಟ್ಟವರು ನಡುವೆ ಬಿದ್ದು ಎದ್ದವರು. 37ನೇ ವಯಸ್ಸಿನ ತನಕ ಒಬ್ಬರು ಇದನ್ನು ಮಾಡಿದರು ಅಂದರೆ ನನಗೆ ಈಗಲೂ ಅಚ್ಚರಿ. 2006ರ ಫೈನಲ್‌ನಲ್ಲಿ ಬ್ರಾಂಕೋಸ್ ಮೆಲ್ಬರ್ನ್ ತಂಡವನ್ನು 15-8ರಿಂದ ಸೋಲಿಸಿತಲ್ಲ, ಆ ಗೆಲುವಿನ ಬುಡದಲ್ಲಿ ಇಂಥ ದುಡಿಮೆಯೇ ಇತ್ತು.

ಈಗ ನಿಮ್ಮ ಪ್ರಶ್ನೆಯ ಗಂಟು. ಈ ಆಟದಲ್ಲಿ ಹುಟ್ಟಿದ ಊರು, ಬೆಳೆದ ಊರು, ಅಪ್ಪ ಅಮ್ಮ ಅಥವಾ ಅಜ್ಜ ಅಜ್ಜಿಯ ಊರು, ಇವುಗಳಲ್ಲಿ ಯಾವುದರ ಮೂಲಕ ಬೇಕಾದರೂ ಒಂದು ದೇಶಕ್ಕೆ ಅರ್ಹತೆ ಬರುತ್ತದೆ. ಹೀಗಾಗಿ ಒಬ್ಬರಿಗೇ ಎರಡು ಮೂರು ದೇಶ ಇರುವುದು ಮಾಮೂಲು. ಒಂದರಿಂದ ಇನ್ನೊಂದಕ್ಕೆ ಹೋಗಲು ನಿಯಮದಲ್ಲಿ ದಾರಿಯೂ ಇದೆ. ಕ್ರಿಕೆಟ್‌ನಲ್ಲಿ ಇಯಾನ್ ಮಾರ್ಗನ್ ಐರ್ಲೆಂಡ್‌ಗೆ ಆಡಿ, ಆಮೇಲೆ ಇಂಗ್ಲೆಂಡ್ ನಾಯಕರಾಗಿ 2019ರ ವಿಶ್ವಕಪ್ ಎತ್ತಿದ್ದು ನೆನಪಿದೆ ಅಲ್ವಾ? ರಗ್ಬಿ ಲೀಗ್‌ನಲ್ಲಿ ಇಂಥದ್ದು ಇನ್ನೂ ಜಾಸ್ತಿ.

ಹಾಗಿದ್ದರೆ ಎಲ್ಲರೂ ಮೊದಲು ಆಸ್ಟ್ರೇಲಿಯಾಕ್ಕೇ ಯಾಕೆ ಹೋಗುತ್ತಿದ್ದರು? ಇದಕ್ಕೆ ‘ಸ್ಟೇಟ್ ಆಫ್ ಒರಿಜಿನ್’ ದೊಡ್ಡ ಕಾರಣ. ಕ್ವೀನ್ಸ್‌ಲ್ಯಾಂಡ್ ಮತ್ತು ನ್ಯೂ ಸೌತ್ ವೇಲ್ಸ್ ನಡುವೆ ಪ್ರತಿ ವರ್ಷ ಮೂರು ಪಂದ್ಯ. ಅಲ್ಲಿನ ಜನಕ್ಕೆ ವಿಶ್ವಕಪ್‌ಗಿಂತ ಇದರ ಹುಚ್ಚೇ ಹೆಚ್ಚು. ದುಡ್ಡೂ ಇದೆ, ಹೆಸರೂ ಇದೆ. ಆದರೆ ಆ ಕಾಲದಲ್ಲಿ ಒರಿಜಿನ್ ಆಡಬೇಕಾದರೆ ದೇಶದ ಮಟ್ಟದಲ್ಲಿ ಆಸ್ಟ್ರೇಲಿಯಾವನ್ನೇ ಆರಿಸಿಕೊಳ್ಳಬೇಕಿತ್ತು. ರೆಡ್‌ಕ್ಲಿಫ್‌ನಲ್ಲಿ ಬೆಳೆದ ಹುಡುಗನಿಗೆ ಕ್ವೀನ್ಸ್‌ಲ್ಯಾಂಡ್ ಜೆರ್ಸಿ ಬಾಲ್ಯದ ಕನಸಾಗಿದ್ದರೆ ಅದರಲ್ಲಿ ತಪ್ಪೇನು? ಪೆಟೆರೊ 2001ರಿಂದ 2012ರ ತನಕ ಆ ಜೆರ್ಸಿಯಲ್ಲಿ 33 ಪಂದ್ಯ ಆಡಿದರು. ಕ್ವೀನ್ಸ್‌ಲ್ಯಾಂಡ್ 2006ರಿಂದ ಸತತ ಎಂಟು ಸರಣಿ ಗೆದ್ದಿತು. ಅದರಲ್ಲಿ ಮೊದಲ ಏಳರ ಕಾಲದಲ್ಲಿ ಅವರು ಇದ್ದರು.

ಅಕುಇಲಾ ಉಆತೆ ಅನ್ನುವ, ಅಂಚಿನಲ್ಲಿ ಓಡುವ ವಿಂಗರ್ ಕಥೆ ಇದಕ್ಕಿಂತ ಬಿಗಿ. ಅವರೂ ಫಿಜಿಯಲ್ಲೇ ಹುಟ್ಟಿದವರು. 2008ರ ವಿಶ್ವಕಪ್ ಫಿಜಿಗೆ ಆಡಿದರು. ಆಮೇಲೆ ಆಸ್ಟ್ರೇಲಿಯಾ, 2011ರಲ್ಲಿ ನ್ಯೂ ಸೌತ್ ವೇಲ್ಸ್, 2013ರಲ್ಲಿ ಮತ್ತೆ ಫಿಜಿ. ಇಂಥವರನ್ನು ‘ನಿಷ್ಠೆ ಇಲ್ಲ’ ಅಂತ ಬೈಯುವವರು ಇದ್ದಾರೆ. ನನಗೆ ಅದು ಸರಿ ಕಾಣುವುದಿಲ್ಲ. ಒಂದು ರಾಜ್ಯದ ಪಂದ್ಯಕ್ಕಾಗಿ ಹುಟ್ಟಿದ ದೇಶದ ಜೆರ್ಸಿ ಬಿಡಿ ಅಂತ ಕೇಳಿದ್ದು ನಿಯಮ. ಬೈಯಬೇಕಾದರೆ ಅದನ್ನು ಬೈಯಬೇಕು.

ಪೆಟೆರೊ 2012ರ ಕೊನೆಗೆ ಎನ್‌ಆರ್‌ಎಲ್ ಬಿಟ್ಟರು. ಅಷ್ಟಕ್ಕೇ ಸುಮ್ನೆ ಮನೆಯಲ್ಲಿ ಕೂರಬಹುದಿತ್ತು. ಕೂರಲಿಲ್ಲ. ತಮ್ಮ ಊರಿನ ರೆಡ್‌ಕ್ಲಿಫ್ ಡಾಲ್ಫಿನ್ಸ್‌ಗೆ ಕೆಳ ಹಂತದ ಲೀಗ್‌ನಲ್ಲಿ ಒಂದು ವರ್ಷ ಆಡಿ ಮೈ ಹದವಾಗಿಟ್ಟುಕೊಂಡರು. 2013ರ ವಿಶ್ವಕಪ್‌ಗೆ ಫಿಜಿಯ ನಾಯಕರಾಗಿ ಇಂಗ್ಲೆಂಡ್‌ಗೆ ಹೋದರು.

ಫಿಜಿ ತಂಡಕ್ಕೆ ‘ಬತಿ’ ಅಂತ ಹೆಸರು, ಯೋಧ ಅಂತ ಅರ್ಥ. ಆ ದ್ವೀಪಗಳಲ್ಲಿ ಜನರ ಮೊದಲ ಪ್ರೀತಿ 15 ಜನರ ರಗ್ಬಿ ಯೂನಿಯನ್ ಮತ್ತು ಏಳು ಜನರ ಸೆವೆನ್ಸ್. ಲೀಗ್ ಆಟ ಅಲ್ಲಿ ಬೇರು ಬಿಟ್ಟದ್ದು 1990ರ ದಶಕದಲ್ಲಿ. ಅಂಥ ಕಡೆಯ ಹುಡುಗರ ಪಕ್ಕದಲ್ಲಿ, ಟಿವಿಯಲ್ಲಿ ನೋಡುತ್ತಾ ಬೆಳೆದ ಪೆಟೆರೊ ಬಂದು ಕೂತು ಬೂಟಿನ ದಾರ ಕಟ್ಟಿಕೊಳ್ಳುವುದು ಅಂದರೆ ಏನು ಅಂತ ಯೋಚಿಸಿ. ಗುಂಪಿನಲ್ಲಿ ಆಸ್ಟ್ರೇಲಿಯಾ, ಇಂಗ್ಲೆಂಡ್ ವಿರುದ್ಧ ಸೋತರು. ಐರ್ಲೆಂಡ್ ವಿರುದ್ಧ 32-14ರಿಂದ ಗೆದ್ದರು. ಕ್ವಾರ್ಟರ್ ಫೈನಲ್‌ನಲ್ಲಿ ಸಮೋವಾವನ್ನು 22-4ರಿಂದ ಮಣಿಸಿದರು.

ಸೆಮಿಫೈನಲ್ ಲಂಡನ್ನಿನ ವೆಂಬ್ಲಿಯಲ್ಲಿ. ಎದುರಿಗೆ ಆಸ್ಟ್ರೇಲಿಯಾ, ಅಂದರೆ ಪೆಟೆರೊ 45 ಸಲ ಹಾಕಿಕೊಂಡ ಹಸಿರು ಹಳದಿ ಜೆರ್ಸಿ. ಫಿಜಿ 64-0ರಿಂದ ಸೋತಿತು. ಆ ವಿಶ್ವಕಪ್ ಜೊತೆಗೇ ಅವರ ಆಟದ ಬದುಕೂ ಮುಗಿಯಿತು.

ನಾಲ್ಕು ವರ್ಷದ ಮೇಲೆ, 2017ರ ವಿಶ್ವಕಪ್‌ನಲ್ಲಿ ಪೆಟೆರೊ ಇಲ್ಲದ ಫಿಜಿಯ ಕ್ವಾರ್ಟರ್ ಫೈನಲ್. ನ್ಯೂಜಿಲೆಂಡ್‌ನ ನೆಲ, ವೆಲ್ಲಿಂಗ್ಟನ್. ಎಂಬತ್ತು ನಿಮಿಷದಲ್ಲಿ ಎರಡೂ ಕಡೆಯಿಂದ ಒಂದೂ ಟ್ರೈ ಬರಲಿಲ್ಲ, ಬರೀ ಪೆನಾಲ್ಟಿ ಕಿಕ್‌ಗಳು. ಸ್ಕೋರ್ ಫಿಜಿ 4, ನ್ಯೂಜಿಲೆಂಡ್ 2.